ಬಾವಿಯ ನೀರಿನ ಮಟ್ಟಕ್ಕೆ ಪ್ಲಾಸ್ಟಿಕ್ ಫೈಬರ್ ಸಂವೇದಕ: ಫೋಟೋಡಯೋಡಿಗೆ ಎಷ್ಟು ಕರೆಂಟ್ ಬರುತ್ತದೆ?

ಪ್ರಶ್ನೆ: ಎಲೆಕ್ಟ್ರಾನಿಕ್ಸ್ ಅಂತಿಮ ವರ್ಷದ ವಿದ್ಯಾರ್ಥಿನಿ, ಕಲಬುರಗಿ

ಎಲ್ಲರಿಗೂ ಶರಣು. ಆಳಂದ ತಾಲ್ಲೂಕಿನಲ್ಲಿರುವ ನಮ್ಮ ಹೊಲದ ತೆರೆದ ಬಾವಿಯಲ್ಲಿ ನೀರು ಫುಟ್ ವಾಲ್ವಿನ (ಪಂಪಿನ ಹೀರು ಪೈಪಿನ ತಳದ ಕವಾಟ) ಹತ್ತಿರಕ್ಕೆ ಇಳಿದ ಕೂಡಲೇ ಮೋಟಾರು ತಾನಾಗಿಯೇ ನಿಲ್ಲುವಂತಹ ಸಂವೇದಕವನ್ನು ಪ್ರಾಜೆಕ್ಟಿಗಾಗಿ ಮಾಡುತ್ತಿದ್ದೇನೆ. ಸಿಡಿಲಿನ ಭಯವಿರುವುದರಿಂದ ಬಾವಿಯೊಳಗೆ ತಂತಿ ಇಳಿಸದೆ, 1 ಮಿಲಿಮೀಟರ್ ದಪ್ಪದ ಪ್ಲಾಸ್ಟಿಕ್ ಆಪ್ಟಿಕಲ್ ಫೈಬರನ್ನೇ ಬಳಸಬೇಕೆಂದಿದ್ದೇನೆ. 650 ನ್ಯಾನೋಮೀಟರಿನ ಕೆಂಪು ಎಲ್‌ಇಡಿಯ ಬೆಳಕು ಒಂದು ಫೈಬರಿನಲ್ಲಿ ಇಳಿದು, ತುದಿಯಲ್ಲಿರುವ 45 ಡಿಗ್ರಿಯ ಪ್ರಿಸಂನಿಂದ ತಿರುಗಿ, ಇನ್ನೊಂದು ಫೈಬರಿನ ಮೂಲಕ ಮೇಲೆ ಬರುತ್ತದೆ. ಹೋಗಿ ಬರುವ ಒಟ್ಟು ಉದ್ದ 25 ಮೀಟರ್. ಫೈಬರಿನೊಳಗೆ ಸೇರುವ ಬೆಳಕು 100 ಮೈಕ್ರೊವ್ಯಾಟ್.

ಬೆಳಕನ್ನು ಕರೆಂಟಾಗಿ ಬದಲಿಸುವ ಸಿಲಿಕಾನ್ ಫೋಟೋಡಯೋಡಿಗೆ ಎಷ್ಟು ಕರೆಂಟ್ ಬರುತ್ತದೆ, ಆಂಪ್ಲಿಫೈಯರಿಗೆ ಎಷ್ಟು ರೆಸಿಸ್ಟರ್ ಹಾಕಬೇಕು ಎಂಬುದು ನನ್ನ ಮೊದಲ ಪ್ರಶ್ನೆ. ಮೇ ತಿಂಗಳಲ್ಲಿ ಇಲ್ಲಿನ ಬಿಸಿಲು 40 ಡಿಗ್ರಿ ದಾಟುವುದರಿಂದ ಸ್ಟಾರ್ಟರ್ ಪೆಟ್ಟಿಗೆ ಕಾದು, ಡಯೋಡಿನ ಡಾರ್ಕ್ ಕರೆಂಟ್ (ಬೆಳಕಿಲ್ಲದಾಗಲೂ ಹರಿಯುವ ಕರೆಂಟ್) ಹೆಚ್ಚಿ, ಅಳತೆಯೇ ಕೆಡಬಹುದೇ ಎಂಬುದು ಎರಡನೆಯದು.

ಉತ್ತರ 1: ಭೌತಶಾಸ್ತ್ರ ಉಪನ್ಯಾಸಕ, ಕಲಬುರಗಿ

ಲೆಕ್ಕವನ್ನು ಡಿಬಿಯಲ್ಲಿ (ಡೆಸಿಬೆಲ್, ಅನುಪಾತದ ಲಾಗರಿದಮ್ ಅಳತೆ) ಮಾಡಿದರೆ ಗುಣಾಕಾರವೆಲ್ಲ ಕೂಡುವ ಕಳೆಯುವ ಕೆಲಸವಾಗುತ್ತದೆ. 100 ಮೈಕ್ರೊವ್ಯಾಟ್ ಎಂದರೆ ಮೈನಸ್ 10 ಡಿಬಿಎಂ (1 ಮಿಲಿವ್ಯಾಟಿಗೆ ಹೋಲಿಸಿದ ಡಿಬಿ). 650 ನ್ಯಾನೋಮೀಟರಿನಲ್ಲಿ ಈ ಫೈಬರಿನ ನಷ್ಟ ಮೀಟರಿಗೆ ಸುಮಾರು 0.2 ಡಿಬಿ ಇರುವುದರಿಂದ 25 ಮೀಟರಿಗೆ 5 ಡಿಬಿ ಹೋಗುತ್ತದೆ. ಎರಡು ಜೋಡಣೆಗಳಿಗೆ 3 ಡಿಬಿ ಹಿಡಿಯಿರಿ. ಉಳಿದದ್ದು ಪ್ರಿಸಂ ತುದಿಯ ನಷ್ಟ, ಮತ್ತು ವಿದ್ಯಾರ್ಥಿಗಳ ಲೆಕ್ಕ ಹೆಚ್ಚಾಗಿ ತಪ್ಪುವುದು ಅಲ್ಲಿಯೇ.

ಫೈಬರಿನ ತಿರುಳಿನ ವಕ್ರೀಭವನ ಸೂಚ್ಯಂಕ 1.492. ಗಾಳಿಯ ಎದುರು ಅದರ ಕ್ರಾಂತಿಕೋನ (ಇದನ್ನು ಮೀರಿದ ಕೋನದಲ್ಲಿ ಬಡಿದ ಬೆಳಕು ಪೂರ್ತಿ ಹಿಂದಿರುಗುತ್ತದೆ) 42.1 ಡಿಗ್ರಿ, ನೀರಿನ ಎದುರು 63.3 ಡಿಗ್ರಿ. ಆದ್ದರಿಂದ 45 ಡಿಗ್ರಿಯಲ್ಲಿ ಬಡಿಯುವ ಕಿರಣ ಗಾಳಿಯಲ್ಲಿ ಪೂರ್ತಿಯಾಗಿ ಹಿಂದಿರುಗುತ್ತದೆ, ನೀರಿನಲ್ಲಿ ಬಹುಪಾಲು ಹೊರಗೆ ಹೋಗುತ್ತದೆ ಎಂದು ಪುಸ್ತಕ ಹೇಳುವುದು ಸರಿ. ಆದರೆ ಈ ಫೈಬರಿನ ನ್ಯೂಮರಿಕಲ್ ಅಪರ್ಚರ್ (ಫೈಬರ್ ಎಷ್ಟು ಅಗಲದ ಕೋನದ ಬೆಳಕನ್ನು ಹಿಡಿಯುತ್ತದೆ ಎಂಬುದರ ಅಳತೆ) ಸುಮಾರು 0.5 ಆಗಿರುವುದರಿಂದ ಒಳಗಿನ ಕಿರಣಗಳು ಅಕ್ಷದಿಂದ ಆ ಕಡೆ ಈ ಕಡೆ 20 ಡಿಗ್ರಿಯವರೆಗೆ ಹರಡಿರುತ್ತವೆ. ಪ್ರಿಸಂನ ಎರಡು ಮುಖಗಳು ಕೂಡುವ ಅಂಚಿಗೆ ಲಂಬವಾದ ಸಮತಲದಲ್ಲಿ ಸಾಗುವ ಕಿರಣವೊಂದು ಮೊದಲ ಮುಖಕ್ಕೆ 50 ಡಿಗ್ರಿಯಲ್ಲಿ ಬಡಿದರೆ ಎರಡನೆಯ ಮುಖಕ್ಕೆ 40 ಡಿಗ್ರಿಯಲ್ಲಿ ಬಡಿಯುತ್ತದೆ ಮತ್ತು ಗಾಳಿಯಲ್ಲಿಯೂ ಅದರ ಒಂದು ಪಾಲು ಸೋರಿಹೋಗುತ್ತದೆ. ಆ ಸಮತಲದಲ್ಲಿ ಅಕ್ಷದಿಂದ 2.9 ಡಿಗ್ರಿಯೊಳಗಿನ ಕಿರಣಗಳು ಮಾತ್ರ ಎರಡೂ ಮುಖಗಳಲ್ಲಿ ಪೂರ್ಣ ಪ್ರತಿಫಲನ ಪಡೆಯುತ್ತವೆ. ಹೀಗಾಗಿ ಗಾಳಿಯಲ್ಲಿ ತುದಿಯ ನಷ್ಟ ಸೊನ್ನೆ ಎಂದು ಎಂದಿಗೂ ಬರೆಯಬೇಡಿ. ಸದ್ಯಕ್ಕೆ 9 ಡಿಬಿ ಎಂದಿಟ್ಟುಕೊಂಡು ಮುಂದುವರಿಯೋಣ, ನಿಜವಾದ ಸಂಖ್ಯೆಯನ್ನು ನೀವೇ ಅಳೆಯಬೇಕು.

ಒಟ್ಟು ನಷ್ಟ 17 ಡಿಬಿ, ಡಯೋಡಿಗೆ ತಲುಪುವುದು ಮೈನಸ್ 27 ಡಿಬಿಎಂ, ಅಂದರೆ 2 ಮೈಕ್ರೊವ್ಯಾಟ್. ಡಯೋಡಿನ ಸ್ಪಂದನಾಂಕವೆಂದರೆ ಕ್ವಾಂಟಂ ದಕ್ಷತೆಯನ್ನು (ಬಿದ್ದ ಫೋಟಾನುಗಳಲ್ಲಿ ಎಲೆಕ್ಟ್ರಾನ್ ಕೊಡುವ ಪಾಲು) ಮೈಕ್ರೊಮೀಟರಿನಲ್ಲಿರುವ ತರಂಗಾಂತರದಿಂದ ಗುಣಿಸಿ 1.24ರಿಂದ ಭಾಗಿಸಿದ ಸಂಖ್ಯೆ. ದಕ್ಷತೆ 0.8 ಆದರೆ ವ್ಯಾಟಿಗೆ 0.42 ಆಂಪಿಯರ್ ಸಿಗುತ್ತದೆ. ಆಗ ಕರೆಂಟ್ 0.84 ಮೈಕ್ರೊಆಂಪಿಯರ್, 1 ಮೆಗಾಓಮ್ ಹಾಕಿದರೆ 840 ಮಿಲಿವೋಲ್ಟ್.

ಇನ್ನು ಬಿಸಿಲಿನ ಮಾತು. ಸಿಲಿಕಾನ್ ಡಯೋಡಿನ ಡಾರ್ಕ್ ಕರೆಂಟ್ ಸ್ಥೂಲವಾಗಿ ಪ್ರತಿ 10 ಡಿಗ್ರಿಗೆ ಇಮ್ಮಡಿಯಾಗುತ್ತದೆ. 25 ಡಿಗ್ರಿಯಲ್ಲಿ 1 ನ್ಯಾನೋಆಂಪಿಯರ್ ಇದ್ದದ್ದು 45ರಲ್ಲಿ 4 ಆಗುತ್ತದೆ, ಔಟ್‌ಪುಟ್ಟಿನಲ್ಲಿ ಕೇವಲ 4 ಮಿಲಿವೋಲ್ಟ್. ಅದೇ 20 ಡಿಗ್ರಿ ಏರಿಕೆಗೆ ಕೆಂಪು ಎಲ್‌ಇಡಿಯ ಬೆಳಕು ಡಿಗ್ರಿಗೆ ಅರ್ಧದಿಂದ ಒಂದು ಪ್ರತಿಶತದಂತೆ ಕುಗ್ಗಿದರೆ 840ರಲ್ಲಿ 80ರಿಂದ 170 ಮಿಲಿವೋಲ್ಟ್ ಕಳೆದುಹೋಗುತ್ತದೆ. ನೀವು ಹೆದರಬೇಕಾದದ್ದು ಡಯೋಡಿಗಲ್ಲ, ಎಲ್‌ಇಡಿಗೆ. ಗದ್ದಲದ ಲೆಕ್ಕವೂ ನಿಮ್ಮನ್ನು ಕಾಡುವುದಿಲ್ಲ: 10 ಹರ್ಟ್ಸ್ ಬ್ಯಾಂಡ್‌ವಿಡ್ತಿಗೆ ಶಾಟ್ ನಾಯ್ಸ್ (ಎಲೆಕ್ಟ್ರಾನುಗಳು ಬಿಡಿಬಿಡಿಯಾಗಿ ಹರಿಯುವುದರಿಂದ ಹುಟ್ಟುವ ಗದ್ದಲ) 1.6 ಪಿಕೋಆಂಪಿಯರ್, ರೆಸಿಸ್ಟರಿನ ಉಷ್ಣ ಗದ್ದಲ 0.4 ಪಿಕೋಆಂಪಿಯರ್. 5 ವೋಲ್ಟಿನ 10 ಬಿಟ್ ಎಡಿಸಿಯ (ವೋಲ್ಟೇಜನ್ನು ಅಂಕಿಯಾಗಿಸುವ ಚಿಪ್) ಒಂದು ಮೆಟ್ಟಿಲೇ 4.9 ಮಿಲಿವೋಲ್ಟ್ ಇರುವಾಗ 1 ಮೆಗಾಓಮಿನಲ್ಲಿ 2 ಮೈಕ್ರೊವೋಲ್ಟನ್ನೂ ಮುಟ್ಟದ ಈ ಗದ್ದಲ ಕಣ್ಣಿಗೂ ಬೀಳದು.

ಪ್ರಶ್ನೆ ಕೇಳಿದವರು

ಸರ್, ತುಂಬಾ ಧನ್ಯವಾದಗಳು. ಪ್ರಯೋಗಾಲಯದಲ್ಲಿ ಪೂರ್ತಿ 25 ಮೀಟರ್ ಫೈಬರಿನೊಂದಿಗೆ ಅಳೆದಾಗ ತುದಿ ಗಾಳಿಯಲ್ಲಿದ್ದರೆ 610 ಮಿಲಿವೋಲ್ಟ್, ಬಕೆಟ್ಟಿನ ನೀರಿನಲ್ಲಿದ್ದರೆ 48 ಮಿಲಿವೋಲ್ಟ್ ಬಂತು. ಈ ಅನುಪಾತವನ್ನು 22 ಡಿಬಿ ಎಂದು ವರದಿಯಲ್ಲಿ ಬರೆಯಬಹುದೇ?

ಉತ್ತರ 1ರ ಉಪನ್ಯಾಸಕ

11 ಡಿಬಿ ಎಂದು ಬರೆಯಿರಿ. ಡಯೋಡಿನ ಕರೆಂಟ್ ಬೆಳಕಿನ ಪವರಿಗೆ ನೇರ ಅನುಪಾತದಲ್ಲಿರುವುದರಿಂದ ಇಲ್ಲಿ ವೋಲ್ಟೇಜ್ ಅನುಪಾತದ ಲಾಗರಿದಮ್ಮನ್ನು 10ರಿಂದ ಗುಣಿಸಬೇಕು, 20ರಿಂದಲ್ಲ. 20ರ ಸೂತ್ರ ಪವರು ವೋಲ್ಟೇಜಿನ ವರ್ಗಕ್ಕೆ ಅನುಪಾತದಲ್ಲಿರುವ ಸರ್ಕಿಟ್ಟಿನದು. ನಮ್ಮ 840ರ ಅಂದಾಜಿಗೂ ನಿಮ್ಮ 610ಕ್ಕೂ ಇರುವ ಅಂತರ 1.4 ಡಿಬಿ ಮಾತ್ರ. ಕೈಯಿಂದ ಕತ್ತರಿಸಿ ಉಜ್ಜಿದ ಫೈಬರಿಗೆ ಇದು ಒಳ್ಳೆಯ ಹೊಂದಾಣಿಕೆಯೇ.

ಮೋಟಾರು ನಿಲ್ಲಿಸುವ ಗಡಿಯನ್ನು ಎರಡರ ಸರಾಸರಿಯಲ್ಲಿಡದೆ ಗುಣೋತ್ತರ ಮಧ್ಯದಲ್ಲಿಡಿ. 610 ಮತ್ತು 48ರ ಗುಣಲಬ್ಧದ ವರ್ಗಮೂಲ 171 ಮಿಲಿವೋಲ್ಟ್. ಆಗ ಎರಡೂ ಕಡೆ 5.5 ಡಿಬಿ ಅವಕಾಶ ಉಳಿಯುತ್ತದೆ, ಎಲ್‌ಇಡಿ ಬಿಸಿಲಿಗೆ ಒಂದು ಡಿಬಿ ಕುಗ್ಗಿದರೂ ತೀರ್ಮಾನ ಬದಲಾಗುವುದಿಲ್ಲ.

ಉತ್ತರ 2: ಇನ್‌ಸ್ಟ್ರುಮೆಂಟೇಶನ್ ಕೆಲಸದಲ್ಲಿರುವವರು, ಬೀದರ್

ಲೆಕ್ಕವೆಲ್ಲ ಸರಿಯಾಗಿದೆ, ಆದರೆ ತರ್ಕದಲ್ಲಿ ಒಂದು ಅಪಾಯವಿದೆ. ಈ ವಿನ್ಯಾಸದಲ್ಲಿ ಬೆಳಕು ಹೆಚ್ಚಾಗಿದ್ದರೆ ನೀರಿಲ್ಲ, ಕಡಿಮೆಯಿದ್ದರೆ ನೀರಿದೆ. ಇಲಿ ಫೈಬರನ್ನು ಕಡಿದರೆ ಬೆಳಕೇ ಬರುವುದಿಲ್ಲ, ಸರ್ಕಿಟ್ ಅದನ್ನು ‘ನೀರಿದೆ’ ಎಂದು ಓದಿಕೊಂಡು ಒಣ ಬಾವಿಯಲ್ಲಿ ಮೋಟಾರನ್ನು ಓಡಿಸುತ್ತಲೇ ಇರುತ್ತದೆ. ಮೋಟಾರು ಸುಟ್ಟರೆ ರೈತನಿಗೆ ಆಗುವ ನಷ್ಟ ಈ ಸಂವೇದಕದ ಬೆಲೆಗಿಂತ ಎಷ್ಟೋ ಪಟ್ಟು ದೊಡ್ಡದು. ಆದ್ದರಿಂದ 20 ಮಿಲಿವೋಲ್ಟಿನ ಕೆಳಗೆ ಮೂರನೆಯ ವಲಯವನ್ನಿಟ್ಟು, ಅಲ್ಲಿ ‘ಫೈಬರ್ ತುಂಡಾಗಿದೆ’ ಎಂದು ತಿಳಿದು ಮೋಟಾರು ನಿಲ್ಲುವಂತೆ ಮಾಡಿ.

ನಿಮ್ಮ ಡಾರ್ಕ್ ಕರೆಂಟ್ ಲೆಕ್ಕಕ್ಕೆ ಬರುವುದು ಈ ವಲಯದಲ್ಲಿಯೇ, ಏಕೆಂದರೆ 20ರಲ್ಲಿ 4 ಮಿಲಿವೋಲ್ಟ್ ಎಂಬುದು ಐದರಲ್ಲಿ ಒಂದು ಪಾಲು. ಎಲ್‌ಇಡಿ ಹೊತ್ತಿಸಿ ಒಮ್ಮೆ, ಆರಿಸಿ ಒಮ್ಮೆ ಓದಿ, ಒಂದರಿಂದ ಇನ್ನೊಂದನ್ನು ಕಳೆದರೆ ಆ ಭಾಗ ಪೂರ್ತಿ ಹೋಗುತ್ತದೆ. ಇಂತಹ ಹಲವು ಜೋಡಿ ಓದುಗಳ ಸರಾಸರಿ ತೆಗೆಯಿರಿ, ಏಕೆಂದರೆ 20 ಮಿಲಿವೋಲ್ಟ್ ಎಂದರೆ ನಿಮ್ಮ ಎಡಿಸಿಗೆ ನಾಲ್ಕೇ ಮೆಟ್ಟಿಲು.

ಉತ್ತರ 3: ಡಿಪ್ಲೊಮಾ ಬೋಧಕ, ಯಾದಗಿರಿ

ಹೀಗೆ ಕಳೆಯುವುದರಿಂದ ಹಗಲಿನ ಬೆಳಕೂ ಹೋಗುತ್ತದೆ, ಆದರೆ ಆಂಪ್ಲಿಫೈಯರ್ ತುಂಬಿಹೋಗದಿದ್ದರೆ (ಔಟ್‌ಪುಟ್ ತನ್ನ ಗರಿಷ್ಠ ಮಿತಿ ಮುಟ್ಟದಿದ್ದರೆ) ಮಾತ್ರ. ನಡುಹಗಲಿನ ನೇರ ಬಿಸಿಲು ಚದರ ಮೀಟರಿಗೆ ಸುಮಾರು 1000 ವ್ಯಾಟ್. 1 ಮಿಲಿಮೀಟರ್ ವ್ಯಾಸದ ತುದಿಯ ಮೇಲೆ ಅದು 0.785 ಮಿಲಿವ್ಯಾಟ್ ಆಗುತ್ತದೆ. ಅದರಲ್ಲಿ ಐವತ್ತರಲ್ಲಿ ಒಂದು ಪಾಲು ಡಯೋಡಿಗೆ ತಲುಪಿದರೂ 15 ಮೈಕ್ರೊವ್ಯಾಟ್ ದಾಟುತ್ತದೆ, 5 ವೋಲ್ಟಿನ ಓಪ್‌ಆಂಪ್ (ಆಂಪ್ಲಿಫೈಯರ್ ಚಿಪ್) 1 ಮೆಗಾಓಮಿನಲ್ಲಿ ತಾಳಿಕೊಳ್ಳುವುದು 12 ಮೈಕ್ರೊವ್ಯಾಟ್ ಮಾತ್ರ. ತೆರೆದ ಬಾವಿಗೆ ನಡುಹಗಲಿನಲ್ಲಿ ಬಿಸಿಲು ನೇರವಾಗಿ ಬೀಳುತ್ತದೆ. ತುದಿಯನ್ನು ಕಪ್ಪು ಪೈಪಿನ ತುಂಡಿನೊಳಗೆ ಇಟ್ಟು, ನೀರು ಆಡಲು ಪಕ್ಕದಲ್ಲಿ ತೂತು ಕೊರೆಯಿರಿ.

ಇನ್ನೊಂದು ಸಂಗತಿಯನ್ನು ಬಕೆಟ್ಟಿನಲ್ಲಿಯೇ ಪರೀಕ್ಷಿಸಬಹುದು. ನೀರು ಇಳಿದ ಮೇಲೆ ಪ್ರಿಸಂ ಮುಖದ ಮೇಲೆ ತೆಳುವಾಗಿ, ಸಮನಾಗಿ ನೀರಿನ ಪೊರೆ ಉಳಿದರೆ ತೊಂದರೆಯಿಲ್ಲ, ಏಕೆಂದರೆ 45 ಡಿಗ್ರಿಯ ಕಿರಣ ಪೊರೆಯೊಳಗೆ ದಾಟಿದರೂ ಅದರ ಹೊರಮೈಯಿಂದ ಪೂರ್ತಿ ಹಿಂದಿರುಗುತ್ತದೆ. ತೊಂದರೆ ಕೊಡುವುದು ತುದಿಯ ಅಂಚಿಗೆ ಜೋತುಬಿದ್ದ ಹನಿ. ಅದರ ಬಾಗಿದ ಮೈಯಿಂದ ಬೆಳಕು ಹೊರಬಿದ್ದು, ನೀರು ಇನ್ನೂ ಇದೆ ಎಂಬಂತೆ ಕಾಣುತ್ತದೆ. ತುದಿಯನ್ನು ಫುಟ್ ವಾಲ್ವಿಗಿಂತ ಒಂದು ಅಡಿಯಾದರೂ ಮೇಲೆ ಕಟ್ಟಿ, ಆ ಹನಿ ಬೀಳುವಷ್ಟು ಹೊತ್ತು ಸಿಗುತ್ತದೆ. ಪಾಚಿ ಕಟ್ಟುವ ಬಾವಿಯಾದರೆ ಪೈಪನ್ನು ಮೇಲೆಳೆದು ತುದಿಯನ್ನು ಒರೆಸಲು ಬರುವಂತೆ ಹಗ್ಗಕ್ಕೆ ಕಟ್ಟಿರಿ.