ಕಾಲಯಾನದ ವ್ಯಾಜ್ಯದಲ್ಲಿ ನ್ಯಾಯಮೂರ್ತಿ ಯಾರ ಗಡಿಯಾರವನ್ನು ನಂಬಬೇಕು?

ಪ್ರಶ್ನೆ (ಕಾದಂಬರಿ ಬರೆಯುತ್ತಿರುವವರು):
ಮಾನ್ಯರೇ, ಕಾಲಯಾನದಿಂದ ಹುಟ್ಟುವ ವ್ಯಾಜ್ಯಗಳನ್ನಷ್ಟೇ ವಿಚಾರಿಸುವ ಒಂದು ಉಚ್ಚ ನ್ಯಾಯಪೀಠವನ್ನೂ ಅದರ ಮುಖ್ಯ ನ್ಯಾಯಮೂರ್ತಿಯಾದ ಹಿರಿಯ ಮಹಿಳೆಯನ್ನೂ ಕುರಿತು ಕಾದಂಬರಿ ಬರೆಯುತ್ತಿದ್ದೇನೆ. ಅವರ ಮುಂದೆ ಬರುವ ಮೊದಲ ದಾವೆ ಅಣ್ಣತಮ್ಮಂದಿರದು. ತಮ್ಮನಾದವನು ಅಂತರಿಕ್ಷ ನೌಕೆಯಲ್ಲಿ ಒಂದು ವರ್ಷ ಕಳೆದು ಮರಳುವಷ್ಟರಲ್ಲಿ ಊರಿನಲ್ಲಿ 13 ವರ್ಷ ಸಂದಿವೆ. ಹೊರಡುವ ಮುನ್ನಾದಿನವೇ ಅಣ್ಣ, ಇನ್ನು ನಿನಗೆ ಪಾಲಿಲ್ಲವೆಂದು ಹಿರಿಯರೆದುರು ಅವನಿಗೆ ಹೇಳಿ, ಆಮೇಲೆ ಇಡೀ ಹೊಲವನ್ನು ತನ್ನದೆಂದೇ ಉಳುತ್ತಾ ಬಂದಿದ್ದಾನೆ. ತಮ್ಮ ಈಗ ಪಾಲು ಕೇಳುತ್ತಾನೆ. ಅದು ಸಿಗದಿದ್ದರೆ ಭೂತಕಾಲಕ್ಕೆ ಹೋಗಿ ತನ್ನ ಪ್ರಯಾಣವನ್ನೇ ತಡೆಯಲು ಅನುಮತಿ ಬೇಡುತ್ತಾನೆ. ನ್ಯಾಯಮೂರ್ತಿ ಯಾವ ಆಧಾರದ ಮೇಲೆ ತೀರ್ಪು ಕೊಡಬೇಕು? ನಮ್ಮ ದೇಶದ ಕಾನೂನಿಗೆ ಹತ್ತಿರವಾಗಿರಬೇಕೆಂಬುದು ನನ್ನ ಆಸೆ.

ಉತ್ತರ 1 (ಸಿವಿಲ್ ವಕೀಲರು):
ನಿಮ್ಮ ದಾವೆ ನನ್ನನ್ನು ಎರಡು ದಿನ ಕಾಡಿತು. 1963ರ ಕಾಲಮಿತಿ ಕಾಯ್ದೆಯ 65ನೇ ಅನುಚ್ಛೇದದ ಪ್ರಕಾರ, ಹಕ್ಕಿನ ಆಧಾರದ ಮೇಲೆ ಸ್ಥಿರಾಸ್ತಿಯ ಸ್ವಾಧೀನ ಕೇಳುವವರು, ಎದುರಾಳಿಯ ಸ್ವಾಧೀನ ಪ್ರತಿಕೂಲವಾದ ದಿನದಿಂದ 12 ವರ್ಷದೊಳಗೆ ದಾವೆ ಹೂಡಬೇಕು. ಆ ಅವಧಿ ಕಳೆದರೆ 27ನೇ ಕಲಮಿನಂತೆ ಹಕ್ಕೇ ನಶಿಸುತ್ತದೆ. ಒಟ್ಟು ಆಸ್ತಿಯಲ್ಲಿ ಒಬ್ಬ ಪಾಲುದಾರನ ಸ್ವಾಧೀನ ಎಲ್ಲರ ಪರವಾಗಿದೆ ಎಂದೇ ನ್ಯಾಯಾಲಯ ಭಾವಿಸುವುದರಿಂದ, ಅಣ್ಣ ತಮ್ಮನ ಹಕ್ಕನ್ನು ಅವನಿಗೆ ತಿಳಿಯುವಂತೆ ಅಲ್ಲಗಳೆದಿರಬೇಕಾಗಿತ್ತು, ಮತ್ತು ಮುನ್ನಾದಿನದ ಆ ಮಾತಿನಿಂದ ನೀವು ಅದನ್ನು ಸರಿಯಾಗಿಯೇ ಒದಗಿಸಿದ್ದೀರಿ.

ತಮ್ಮನ ದುರದೃಷ್ಟವೆಂದರೆ, ವಿಳಂಬವನ್ನು ಮನ್ನಿಸುವ 5ನೇ ಕಲಮು ಮೇಲ್ಮನವಿ ಮತ್ತು ಅರ್ಜಿಗಳಿಗೆ ಅನ್ವಯಿಸುತ್ತದೆಯೇ ಹೊರತು ದಾವೆಗಳಿಗಲ್ಲ. 15ನೇ ಕಲಮು ಭಾರತದಿಂದ ಹೊರಗಿದ್ದ ಕಾಲವನ್ನು ಎಣಿಕೆಯಿಂದ ಬಿಡುತ್ತದೆ, ನಿಜ. ಆದರೆ ಅದು ಪ್ರತಿವಾದಿ ಹೊರಗಿದ್ದ ಕಾಲ. ನಿಮ್ಮ ಕತೆಯಲ್ಲಿ ಹೊರಗಿದ್ದವನು ವಾದಿ. ಇಷ್ಟಾದರೂ ತಮ್ಮನ ಪರವಾಗಿ ನಾನು ವಾದಿಸುತ್ತಿದ್ದರೆ ಹೀಗೆ ಹೇಳುತ್ತಿದ್ದೆ: ಹಕ್ಕಿದ್ದೂ ಮಲಗಿದವನಿಗೆ ಕಾನೂನು ನೆರವಾಗುವುದಿಲ್ಲ ಎಂಬುದು ಕಾಲಮಿತಿಯ ಹಿಂದಿರುವ ತತ್ತ್ವ, ಈತ ಮಲಗಿರಲಿಲ್ಲ, ಈತನ ಬಾಳಿನಲ್ಲಿ ಕಳೆದದ್ದು ಒಂದೇ ವರ್ಷ.

ಉತ್ತರ 2 (ಭೌತಶಾಸ್ತ್ರದ ಉಪನ್ಯಾಸಕಿ):
ವಕೀಲರ ಕೊನೆಯ ವಾದಕ್ಕೆ ವಿಜ್ಞಾನದ ಬೆಂಬಲ ಪೂರ್ತಿಯಾಗಿದೆ. ಐನ್‌ಸ್ಟೈನ್ 1905ರಲ್ಲಿ ತೋರಿಸಿದಂತೆ ಇಬ್ಬರ ಗಡಿಯಾರಗಳೂ ಸರಿಯೇ; ಬೆಳಕಿನ ವೇಗದ ಶೇಕಡಾ 99.7ರಷ್ಟು ವೇಗದಲ್ಲಿ ಹೋಗಿಬಂದವನಿಗೆ ಒಂದು ವರ್ಷವಾಗುವಾಗ ಊರಿನಲ್ಲಿ ಸುಮಾರು 13 ವರ್ಷಗಳಾಗುತ್ತವೆ. ಇದು ಬರಿಯ ಲೆಕ್ಕವಲ್ಲ. 1971ರಲ್ಲಿ ಹಾಫೆಲೆ ಮತ್ತು ಕೀಟಿಂಗ್ ಪರಮಾಣು ಗಡಿಯಾರಗಳನ್ನು ವಿಮಾನದಲ್ಲಿ ಭೂಮಿಯ ಸುತ್ತ ಒಯ್ದು, ನೆಲದ ಗಡಿಯಾರಗಳಿಗೂ ಅವಕ್ಕೂ ಬಂದ ವ್ಯತ್ಯಾಸವನ್ನು ಅಳೆದರು.

ಭೂತಕಾಲಕ್ಕೆ ಹೋಗುವ ಬೇಡಿಕೆಯ ವಿಷಯ ಬೇರೆ. 1949ರಲ್ಲಿ ಗೊಡೆಲ್ ಅಂಥ ದಾರಿಗಳಿರುವ ಒಂದು ವಿಶ್ವವನ್ನು ಸಾಪೇಕ್ಷತೆಯ ಸಮೀಕರಣಗಳಿಂದಲೇ ಪಡೆದರು. 1992ರಲ್ಲಿ ಹಾಕಿಂಗ್, ಪ್ರಕೃತಿಯೇ ಅದನ್ನು ತಡೆಯುತ್ತದೆಂಬ ಊಹೆಯನ್ನು ಮುಂದಿಟ್ಟರು. ನೊವಿಕೊವ್ ಅವರ ಸ್ವಸಂಗತಿ ತತ್ತ್ವವನ್ನು ನೀವು ಒಪ್ಪಿದರೆ, ಹಿಂದಕ್ಕೆ ಹೋದರೂ ನಡೆದುಹೋದದ್ದನ್ನು ಬದಲಿಸಲಾಗದು. ಆಗ ನ್ಯಾಯಮೂರ್ತಿ ಅನುಮತಿ ಕೊಟ್ಟರೂ ಒಂದೇ, ಕೊಡದಿದ್ದರೂ ಒಂದೇ. ದಯವಿಟ್ಟು ಆ ಬೇಡಿಕೆಯನ್ನು ಕೈಬಿಡಿ. ಒಂದು ಹೊಲಕ್ಕೆ ಎರಡು ಸತ್ಯವಾದ ಗಡಿಯಾರಗಳಿವೆ ಎಂಬ ಸಂಕಟವೇ ನಿಮ್ಮ ಕತೆಗೆ ಸಾಕು.

ಉತ್ತರ 3 (ಪುರಾಣಗಳ ಓದುಗರು):
ಭಾಗವತದ ಒಂಬತ್ತನೆಯ ಸ್ಕಂಧವನ್ನು ನೋಡಿ. ಮಗಳು ರೇವತಿಗೆ ವರನನ್ನು ಕೇಳಲು ಬ್ರಹ್ಮಲೋಕಕ್ಕೆ ಹೋದ ಕಕುದ್ಮಿ ಗಂಧರ್ವರ ಗಾನ ಮುಗಿಯುವವರೆಗೆ ಕ್ಷಣಕಾಲ ಕಾದದ್ದಕ್ಕೆ ಭೂಮಿಯಲ್ಲಿ 27 ಚತುರ್ಯುಗಗಳು ಕಳೆದಿದ್ದವು. ಮರಳಿದ ರಾಜ ತನ್ನ ಪುರದ ಮೇಲೆ ಹಕ್ಕು ಸಾಧಿಸಲಿಲ್ಲ. ಮಗಳನ್ನು ಬಲರಾಮನಿಗೆ ಕೊಟ್ಟು ಬದರಿಗೆ ತಪಸ್ಸಿಗೆ ಹೋದ. ನೆಲ ಅಲ್ಲಿ ಉಳಿದವರ ಕಾಲಕ್ಕೆ ಸೇರಿದ್ದೆಂದು ಆತ ಒಪ್ಪಿಕೊಂಡಂತೆ ನನಗೆ ತೋರುತ್ತದೆ.

ಪ್ರಶ್ನೆ ಕೇಳಿದವರು:
ಎಲ್ಲರಿಗೂ ಕೃತಜ್ಞತೆಗಳು. ಭೂತಕಾಲದ ಬೇಡಿಕೆಯನ್ನು ತೆಗೆದುಹಾಕಿದ್ದೇನೆ. ಆದರೆ ತಮ್ಮನನ್ನು ಬರಿಗೈಯಲ್ಲಿ ಕಳಿಸಲು ಮನಸ್ಸು ಒಪ್ಪುತ್ತಿಲ್ಲ, ಹದಿಮೂರು ವರ್ಷ ಬೆವರು ಸುರಿಸಿದ ಅಣ್ಣನನ್ನು ಎಬ್ಬಿಸಲೂ ಒಪ್ಪುತ್ತಿಲ್ಲ.

ಉತ್ತರ 4 (ಸಿವಿಲ್ ವಕೀಲರು):
1967ರ ಗೋಲಕನಾಥ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಸಂವಿಧಾನವನ್ನು ತಿದ್ದಿ ಮೂಲಭೂತ ಹಕ್ಕುಗಳನ್ನು ಮೊಟಕುಗೊಳಿಸಲಾಗದೆಂದು ತಾನು ಸಾರಿದ ನಿಯಮವನ್ನು ಮುಂದಿನ ಕಾಲಕ್ಕೆ ಮಾತ್ರ ಅನ್ವಯಿಸಿ, ಹಿಂದೆ ಆಗಿದ್ದ ತಿದ್ದುಪಡಿಗಳನ್ನು ಹಾಗೆಯೇ ಉಳಿಸಿತು. ನಿಮ್ಮ ನ್ಯಾಯಮೂರ್ತಿಯೂ, ಇನ್ನು ಮುಂದೆ ಪ್ರಯಾಣಿಕ ವಾದಿಯ ಕಾಲಮಿತಿಯನ್ನು ಅವನದೇ ಗಡಿಯಾರದಿಂದ ಎಣಿಸಬೇಕೆಂದು ಸಾರಿ, ಈ ದಾವೆಯನ್ನು ವಜಾ ಮಾಡಬಹುದು. ಇಲ್ಲಿ ತಮ್ಮ ಸೋಲುತ್ತಾನೆ, ಅವನ ನಂತರ ಹೊರಡುವವರು ಸೋಲುವುದಿಲ್ಲ.

ಪ್ರಶ್ನೆ ಕೇಳಿದವರು:
ಹಾಗೆಯೇ ಬರೆಯುತ್ತೇನೆ. ಸೋತ ತಮ್ಮನ ದಾವೆಯ ಖರ್ಚನ್ನು ಗೆದ್ದ ಅಣ್ಣನೇ ಕೊಡಬೇಕೆಂದು ಆಕೆ ಆದೇಶಿಸಬಹುದೇ?

ಉತ್ತರ 5 (ಸಿವಿಲ್ ವಕೀಲರು):
ಸಿವಿಲ್ ಪ್ರಕ್ರಿಯಾ ಸಂಹಿತೆಯ 35ನೇ ಕಲಮಿನಂತೆ ಖರ್ಚು ನ್ಯಾಯಾಲಯದ ವಿವೇಚನೆಗೆ ಬಿಟ್ಟದ್ದು. ಆದರೆ ಗೆದ್ದವನಿಗೆ ಖರ್ಚು ಕೊಡಿಸದಿದ್ದರೆ ಅದರ ಕಾರಣಗಳನ್ನು ಬರೆದಿಡಬೇಕು. ಆ ಕಾರಣಗಳ ಪುಟವನ್ನು ನಿಮ್ಮ ನ್ಯಾಯಮೂರ್ತಿಯ ಕೈಯಲ್ಲಿ ಪೂರ್ತಿಯಾಗಿ ಬರೆಸಿ, ನಾನು ಓದಲು ಕಾದಿರುತ್ತೇನೆ.