ಸುಣ್ಣದ ಗಾರೆ ಗಟ್ಟಿಯಾಗುವುದನ್ನು ಕ್ಯಾಮೆರಾದಲ್ಲಿ ತೋರಿಸುವುದು ಹೇಗೆ?

ಪ್ರಶ್ನೆ:
ಹಳೇ ತೊಟ್ಟಿಮನೆಯೊಂದರ ದುರಸ್ತಿ ಕುರಿತ ಸಾಕ್ಷ್ಯಚಿತ್ರ. ಎರಡು ತೊಡಕುಗಳಿವೆ. ಗೋಡೆಯ ಉಬ್ಬು, ಬಿರುಕು ಕಣ್ಣಿಗೆ ಕಂಡರೂ ಚಿತ್ರದಲ್ಲಿ ಎಲ್ಲ ಸಪಾಟು. ಗಾರೆ ಬಳಿಯುವ ಟೈಮ್‌ಲ್ಯಾಪ್ಸ್‌ನಲ್ಲಿ (ಬಿಟ್ಟು ಬಿಟ್ಟು ತೆಗೆದ ಫ್ರೇಮುಗಳನ್ನು ವೇಗವಾಗಿ ಓಡಿಸುವ ದೃಶ್ಯ) ಬೆಳಕು ಮಿಣುಕುತ್ತದೆ. ಜೊತೆಗೆ, ಗಾರೆ ಗಟ್ಟಿಯಾಗುವುದನ್ನು ತೋರಿಸಲು ದಾರಿ ಇದೆಯೇ?

ಉತ್ತರ 1:
ಎದುರಿನಿಂದ ದೀಪ ಹಾಕಿದರೆ ಯಾವ ಗೋಡೆಯೂ ಸಪಾಟೇ. ಉಳಿದ ದೀಪ ಆರಿಸಿ, ಒಂದೇ ಎಲ್‌ಇಡಿಯನ್ನು ಗೋಡೆಗೆ ಒಂದಡಿ ದೂರದಲ್ಲಿ, ಬೆಳಕು ಗೋಡೆಯನ್ನು ಸವರಿಕೊಂಡು ಹೋಗುವಂತೆ ಇಡಿ. ಕೂದಲೆಳೆ ಬಿರುಕಿಗೂ ನೆರಳು ಬರುತ್ತದೆ. ಟ್ರೈಪಾಡ್ ಕಾಲಿನ ಜಾಗ, ಲೆನ್ಸಿನ ಎತ್ತರ, ದೀಪದ ಜಾಗ ಬರೆದಿಟ್ಟುಕೊಳ್ಳಿ, ದುರಸ್ತಿ ಮುಗಿದ ಮೇಲೆ ಅದೇ ಶಾಟ್ ಬೇಕೇ ಬೇಕು. ಸಾರುವೆ ಕಟ್ಟುವ ಮೊದಲೇ ಇಡೀ ಕಟ್ಟಡವನ್ನು ದಿನಾಂಕ ಸಮೇತ ಚಿತ್ರೀಕರಿಸಿ. ಮೈಸೂರಿನ ದೇವರಾಜ ಮಾರುಕಟ್ಟೆಯ ಉತ್ತರ ದ್ವಾರ 2016ರ ಆಗಸ್ಟ್‌ನಲ್ಲಿ ಕುಸಿದ ಮೇಲೆ ಉಳಿಸಬೇಕೋ ಕೆಡವಬೇಕೋ ಎಂಬ ವಾದ ನ್ಯಾಯಾಲಯದವರೆಗೂ ಹೋಯಿತು. ಅಂಥ ಹೊತ್ತಿನಲ್ಲಿ ಕಟ್ಟಡ ಮೊದಲು ಹೇಗಿತ್ತು ಅನ್ನುವ ದಾಖಲೆಗೆ ಬೆಲೆ ಕಟ್ಟಲಾಗದು.

ಮಿಣುಕುವುದಕ್ಕೆ ಕಾರಣ ಆಟೋ ಎಕ್ಸ್‌ಪೋಷರ್, ಆಟೋ ವೈಟ್ ಬ್ಯಾಲೆನ್ಸ್; ಅಂದರೆ ಕ್ಯಾಮೆರಾ ತಾನೇ ಬೆಳಕು, ಬಣ್ಣ ಹೊಂದಿಸಿಕೊಳ್ಳುವುದು. ಎರಡನ್ನೂ ಮ್ಯಾನ್ಯುಯಲ್‌ಗೆ ತನ್ನಿ. ಅಪರ್ಚರ್ (ಲೆನ್ಸಿನಲ್ಲಿ ಬೆಳಕು ಬರುವ ಕಿಂಡಿ) ಪೂರ್ತಿ ತೆರೆದಿಡಿ, ಪ್ರತಿ ಫ್ರೇಮಿಗೂ ಅದು ಮುಚ್ಚಿ ತೆರೆಯುವಾಗ ಆಗುವ ಸಣ್ಣ ವ್ಯತ್ಯಾಸವೂ ಮಿಣುಕುತ್ತದೆ. ಎಂಟು ಗಂಟೆಯ ಕೆಲಸಕ್ಕೆ 2 ನಿಮಿಷಕ್ಕೊಂದು ಫ್ರೇಮ್ ತೆಗೆದರೆ 240 ಫ್ರೇಮ್; ಸೆಕೆಂಡಿಗೆ 25 ಫ್ರೇಮಿನಂತೆ ಓಡಿಸಿದರೆ ಹತ್ತು ಸೆಕೆಂಡಿಗೆ ಚೂರು ಕಡಿಮೆ.

ಉತ್ತರ 2:
ಗಟ್ಟಿಯಾಗುವುದಕ್ಕೆ ಟೈಮ್‌ಲ್ಯಾಪ್ಸ್ ಪ್ರಯೋಜನವಿಲ್ಲ. ಸುಣ್ಣ ಗಾಳಿಯ ಇಂಗಾಲದ ಡೈಆಕ್ಸೈಡ್ ಹೀರಿಕೊಂಡು ಹೊರಗಿನಿಂದ ಒಳಕ್ಕೆ ಕಲ್ಲಾಗುತ್ತಾ ಹೋಗುತ್ತದೆ, ತಿಂಗಳುಗಟ್ಟಲೆ. ಬದಲಿಗೆ ಅದೇ ಗಾರೆಯಲ್ಲಿ ಹತ್ತಾರು ಬಿಲ್ಲೆ ಮಾಡಿಸಿಡಿ. ತಿಂಗಳಿಗೊಂದನ್ನು ಮುರಿದು, ಮುರಿದ ಮುಖಕ್ಕೆ ಫಿನಾಫ್ಥಲೀನ್ (ಕ್ಷಾರ ತಾಗಿದರೆ ಬಣ್ಣ ತಳೆಯುವ ರಾಸಾಯನಿಕ) ದ್ರಾವಣ ಸಿಂಪಡಿಸಿ ಮ್ಯಾಕ್ರೋ ಲೆನ್ಸಿನಲ್ಲಿ ತೆಗೆಯಿರಿ. ಇನ್ನೂ ಕಲ್ಲಾಗದ ಒಳಭಾಗ ಕಡುಗುಲಾಬಿಗೆ ತಿರುಗುತ್ತದೆ, ಕಲ್ಲಾದ ಅಂಚು ಬಣ್ಣಗೆಡದೆ ಉಳಿಯುತ್ತದೆ. ತಿಂಗಳಿಂದ ತಿಂಗಳಿಗೆ ಆ ಬಿಳಿ ಅಂಚು ದಪ್ಪವಾಗುವುದೇ ನಿಮಗೆ ಬೇಕಾದ ದೃಶ್ಯ. ಬಿಲ್ಲೆಗಳನ್ನು ಗೋಡೆಯ ಪಕ್ಕದಲ್ಲೇ ಇಟ್ಟು, ಗೋಡೆಗೆ ನೀರು ಹಾಕಿದಾಗಲೆಲ್ಲ ಅವಕ್ಕೂ ಹಾಕಿ.

ಸುಟ್ಟ ಸುಣ್ಣ ಅರಳಿಸುವ ಶಾಟ್‌ನಲ್ಲಿ ಎಚ್ಚರ. ನೀರಿಗೆ ಸುಣ್ಣ ಹಾಕಿಸಿ, ಸುಣ್ಣದ ಮೇಲೆ ನೀರು ಸುರಿದರೆ ಕುದಿದು ಸಿಡಿಯುತ್ತದೆ. ಕಣ್ಣಿಗೆ ಕನ್ನಡಕ, ಲೆನ್ಸಿಗೆ ಯುವಿ ಫಿಲ್ಟರ್, ಟೆಲಿ ಲೆನ್ಸ್ ಹಾಕಿ 3 ಮೀಟರ್ ದೂರ. ಲೆನ್ಸ್ ಮೇಲೆ ಸುಣ್ಣದ ಪುಡಿ ಕೂತರೆ ಬಟ್ಟೆಯಿಂದ ಒರೆಸಬೇಡಿ, ಗೀರು ಬೀಳುತ್ತದೆ. ಬ್ಲೋವರ್‌ನಿಂದ ಊದಿ.

ಪ್ರಶ್ನೆ ಕೇಳಿದವರು:
ಗಾರೆಗೆ ಅಳಲೆಕಾಯಿ, ಬೆಲ್ಲ ನೆನೆಹಾಕಿದ ನೀರು ಬೆರೆಸುವುದನ್ನೂ ತೋರಿಸಬೇಕೆಂದಿದೆ. ಎಷ್ಟು ವಿವರ ಬೇಕು?

ಉತ್ತರ 2:
ಅಳತೆ ಪೂರ್ತಿ ಬೇಕು, ಅದು ಊರಿಂದೂರಿಗೆ, ಮೇಸ್ತ್ರಿಯಿಂದ ಮೇಸ್ತ್ರಿಗೆ ಬೇರೆ. ‘ಒಂದು ಬಾಂಡ್ಲಿ ಸುಣ್ಣಕ್ಕೆ ಮೂರು ಬಾಂಡ್ಲಿ ಮರಳು’ ಅಂತ ಮೇಸ್ತ್ರಿ ಹೇಳಿದ್ದನ್ನಷ್ಟೇ ಇಟ್ಟರೆ ಮುಂದಿನವರಿಗೆ ಅರ್ಧ ಮಾಹಿತಿ. ಆ ಬಾಂಡ್ಲಿಗೆ ಲೀಟರ್ ಪಾತ್ರೆಯಿಂದ ನೀರು ತುಂಬಿಸಿ ಎಷ್ಟು ಹಿಡಿಯುತ್ತದೆಂದು ತೋರಿಸಿ. ಅಳಲೆಕಾಯಿ, ಬೆಲ್ಲವನ್ನು ತಕ್ಕಡಿಯ ಮೇಲೆ, ಅಂಕಿ ಕಾಣುವಂತೆ. ಎಷ್ಟು ದಿನ ನೆನೆಯಿತು ಅನ್ನುವುದನ್ನು ಡ್ರಮ್ಮಿನ ಮೇಲೇ ಸೀಮೆಸುಣ್ಣದಲ್ಲಿ ಬರೆಸಿ, ಫ್ರೇಮಿನಲ್ಲಿ ಬರಲಿ.