ಗೋಪುರದ ಪೋರ್ಟಲ್‌ನಲ್ಲಿ ಹೋದರೆ ವಾಪಸ್ ಗೋಪುರಕ್ಕೇ ಬರುತ್ತಿಲ್ಲ!! ತಲೆ ಕೆಟ್ಟಿದೆ

ಕಲ್ಲುಕುಟಿಗ:
ಮೂರು ವಾರ ಕೂತು ಮೈನ್‌ಕ್ರಾಫ್ಟ್‌ನಲ್ಲಿ ಒಂದು ರಾಯಗೋಪುರ ಕಟ್ಟಿದ್ದೇನೆ, ಸ್ಕ್ರೀನ್‌ಶಾಟ್ ಹಾಕಿದ್ದೇನೆ. ಹಂಪಿ ವಿರೂಪಾಕ್ಷನ ಗೋಪುರದ ಹಾಗೆ ಒಂಬತ್ತು ಅಂತಸ್ತು. ಬಾಗಿಲಿನ ಜಾಗದಲ್ಲಿ ನೆದರ್ ಪೋರ್ಟಲ್, ಅಂದರೆ ಆಟದ ಬೆಂಕಿಯ ಪಾತಾಳಲೋಕ ನೆದರ್‌ಗೆ ಹೋಗುವ ದ್ವಾರ. ಆ ಗುಡಿಯ ಒಳಗೆ ಗೋಪುರದ ನೆರಳು ತಲೆಕೆಳಗಾಗಿ ಬೀಳುತ್ತಲ್ಲ, ಅದೇ ಐಡಿಯಾ. ಈ ಲೋಕದಲ್ಲಿ ನೆಟ್ಟಗಿನ ಗೋಪುರ, ನೆದರ್‌ನಲ್ಲಿ ಉಲ್ಟಾ ಗೋಪುರ. ಒಂದರಲ್ಲಿ ಹೊಕ್ಕರೆ ಇನ್ನೊಂದರಲ್ಲಿ ಹೊರಬರಬೇಕು.
ಆಗುತ್ತಿರುವುದೇ ಬೇರೆ. ಹೋದರೆ ಉಲ್ಟಾ ಗೋಪುರ ಸಿಗುವುದಿಲ್ಲ, ಬಂದರೆ ಯಾವುದೋ ಗವಿಯಲ್ಲಿ ಬಂದು ಬೀಳುತ್ತೇನೆ. ಲೆಕ್ಕ ಸರಿಯಾಗಿಯೇ ಮಾಡಿದ್ದೇನೆ. ನೆದರ್‌ನ ಒಂದು ಬ್ಲಾಕ್ ಈ ಲೋಕದ ಎಂಟಕ್ಕೆ ಸಮ ಅಂತ ಗೊತ್ತು, ‘ಎಂಟರಿಂದ ಭಾಗಿಸು’ ಅಂತ ಮಾತ್ರ ಯಾರೂ ಹೇಳಬೇಡಿ.

ಅಬ್ಸಿಡಿಯನ್ ಅಣ್ಣ:
ಪೋರ್ಟಲ್‌ನ ಅಬ್ಸಿಡಿಯನ್ ಕಲ್ಲಿನ ಚೌಕಟ್ಟಿನಲ್ಲಿ ಕ್ರೈಯಿಂಗ್ ಅಬ್ಸಿಡಿಯನ್ ಸೇರಿಕೊಂಡಿದೆ. ನೂರಕ್ಕೆ ನೂರು ಅದೇ. ನೇರಳೆ ಕಣ್ಣೀರು ಸುರಿಸುತ್ತದಲ್ಲ, ಆ ಕಲ್ಲು ಚೌಕಟ್ಟಿಗೆ ಆಗುವುದಿಲ್ಲ.

ಕಲ್ಲುಕುಟಿಗ:
ಪೋರ್ಟಲ್ ಹೊತ್ತಿಕೊಂಡಿದೆ ಅಣ್ಣ. ಹೋಗಿ ಬಂದೇ ಬರೆಯುತ್ತಿದ್ದೇನೆ.

ಅಬ್ಸಿಡಿಯನ್ ಅಣ್ಣ:
ಮೂಲೆಗಳನ್ನು ನೋಡಿದಿರಾ? ಅಳತೆ ಎಷ್ಟು?

ಕಲ್ಲುಕುಟಿಗ:
ಹೊರ ಅಳತೆ 7 ಅಗಲ, 9 ಎತ್ತರ. ಮೂಲೆಯಲ್ಲಿ ಏನಿದ್ದರೇನು? 10 ಕಲ್ಲಿನಲ್ಲಿ ಮೂಲೆ ಇಲ್ಲದೆಯೇ ಪೋರ್ಟಲ್ ಆಗುತ್ತದೆ.

ಬೇಲೂರು ಹುಡುಗಿ:
ಆಟದ ಯಾವ ಆವೃತ್ತಿ, ಕಂಪ್ಯೂಟರಿನ ಜಾವಾನಾ, ಫೋನಿನಲ್ಲೂ ಆಡುವ ಬೆಡ್‌ರಾಕ್ ಎಡಿಷನ್ನಾ? ಅದನ್ನೇ ಬರೆದಿಲ್ಲ. ಜಾಗದ ಎಕ್ಸ್, ವೈ (ಎತ್ತರ), ಜೆಡ್ ಹಾಕಿ.

ಕಲ್ಲುಕುಟಿಗ:
ಜಾವಾ. ಇನ್ನೇನಿರುತ್ತೆ?

ಮೊಬೈಲ್ ಮಂಜ:
ನಾವು ಫೋನಿನಲ್ಲಿ ಆಡುವವರು ಮನುಷ್ಯರಲ್ವಾ?

ಅಬ್ಸಿಡಿಯನ್ ಅಣ್ಣ:
ಶುರುವಾಯಿತು. ಮೊದಲು ಒಂದೊಂದೇ ಕಲ್ಲು ಒಡೆದು ನೋಡಿ. 23×23 ಚೌಕಟ್ಟಿನಲ್ಲಿ ನನಗೆ ಒಂದೇ ಒಂದು ಅಳುವ ಕಲ್ಲು ಇಡೀ ರಾತ್ರಿ ಆಟ ಆಡಿಸಿತ್ತು.

ಬೇಲೂರು ಹುಡುಗಿ:
ಆಗ ನಿಮ್ಮದು ಹೊತ್ತಿಕೊಳ್ಳಲೇ ಇಲ್ಲ ಅಲ್ವಾ? ಇವರದು ಹೊತ್ತಿದೆ. ಕಲ್ಲು ಬಿಡಿ ಅಣ್ಣ. ನಂಬರ್ ಕೊಡಿ ಕಲ್ಲುಕುಟಿಗ, ಎಫ್3 ಒತ್ತಿದರೆ ಬರುತ್ತದೆ.

ಗರುಡಗಂಬ:
ಪೋರ್ಟಲ್ ವಿಷಯ ಆಮೇಲೆ. ಸ್ಕ್ರೀನ್‌ಶಾಟ್‌ನಲ್ಲಿ ಹಿಂದೆ ಕಾಣುವುದು ನಕ್ಷತ್ರದ ಆಕಾರದ ಜಗತಿ (ಗುಡಿ ನಿಲ್ಲುವ ಕಟ್ಟೆ), ಹೊಯ್ಸಳರದ್ದು. ಅದರ ಮುಂದೆ ರಾಯಗೋಪುರ ಹೇಗೆ ಹೊಂದುತ್ತದೆ?

ಬೇಲೂರು ಹುಡುಗಿ:
ನಮ್ಮೂರಿಗೆ ಬಂದು ನೋಡಿ ಸ್ವಾಮಿ. ಗುಡಿ 1117ರದ್ದು, ಗೋಪುರ ವಿಜಯನಗರದ ಕಾಲದ್ದು. ಎರಡೂ ಜೊತೆಗೇ ನಿಂತಿವೆ.

ಗರುಡಗಂಬ:
ಅದು ಆಮೇಲೆ ಸೇರಿಸಿದ್ದು. ನಾನೂ ಅದನ್ನೇ ಹೇಳುತ್ತಿರುವುದು.

ಕಲ್ಲುಕುಟಿಗ:
ಜಗತಿ ವಿಷಯ ಬೇರೆ ಕಡೆ ಜಗಳವಾಡಿ ಪ್ಲೀಸ್. ನಂಬರ್ ತಗೊಳ್ಳಿ.
ಗೋಪುರ: ಎಕ್ಸ್ -1240, ವೈ 112, ಜೆಡ್ 872. (ಗುಡ್ಡದ ಮೇಲಿದೆ.)
ಉಲ್ಟಾ ಗೋಪುರ: ಎಕ್ಸ್ -155, ವೈ 14, ಜೆಡ್ 109.
ಮೂರನ್ನೂ ಎಂಟರಿಂದ ಭಾಗಿಸಿ ನೋಡಿ, ಒಂದೂ ತಪ್ಪಿಲ್ಲ. ಆ 14ರ ಮಟ್ಟದಲ್ಲಿ ಜಾಗ ಮಾಡಲು ಲಾವಾ ಕಡಲಿನ ಕೆಳಗೆ ಅಗೆದಿದ್ದೇನೆ. ಎರಡು ಸಲ ಸುಟ್ಟು ಸತ್ತೆ.

ಬೇಲೂರು ಹುಡುಗಿ:
ಅಯ್ಯೋ! ವೈ ಯಾಕೆ ಭಾಗಿಸಿದಿರಿ? ಎಂಟರ ಲೆಕ್ಕ ಎಕ್ಸ್‌ಗೆ, ಜೆಡ್‌ಗೆ ಮಾತ್ರ. ಎತ್ತರ ಇದ್ದಷ್ಟೇ ಇರುತ್ತದೆ.
ಆದರೆ ಇಷ್ಟಕ್ಕೇ ಗವಿಗೆ ಹೋಗಬಾರದಿತ್ತು. ಹತ್ತಿರ ಇನ್ನೊಂದು ಪೋರ್ಟಲ್ ಇರಲೇಬೇಕು. ಆ ಗವಿಯಲ್ಲಿ ಏನಿದೆ?

ಕಲ್ಲುಕುಟಿಗ:
ತಮ್ಮನ ಹಳೇ ಮನೆ. ಒಂದು ಪೋರ್ಟಲ್ ಇದೆ, ಯಾರೂ ಬಳಸಲ್ಲ. ಅದಕ್ಕೂ ಇದಕ್ಕೂ ಏನು ಸಂಬಂಧ?

ಬೇಲೂರು ಹುಡುಗಿ:
ಮಾರಾಯ್ರೇ, ಮೊದಲ ಸಾಲಿನಲ್ಲಿ ಬರೆಯಬೇಕಾದದ್ದು ಇದು! ನಂಬರ್?

ಕಲ್ಲುಕುಟಿಗ:
ಗವಿ: -1192, 20, 904. ನೆದರ್ ಕಡೆ ಅವನದು: -149, 70, 113.

ಬೇಲೂರು ಹುಡುಗಿ:
ಸರಿ, ಈಗ ನೋಡಿ. ಜಾವಾದಲ್ಲಿ ಆಟವು ನೆದರ್ ಕಡೆ 16 ಬ್ಲಾಕ್, ಈ ಕಡೆ 128 ಬ್ಲಾಕ್ ದೂರದವರೆಗೆ ಸುತ್ತಲೂ ಪೋರ್ಟಲ್ ಹುಡುಕುತ್ತದೆ. ಸಿಕ್ಕಿದ್ದರಲ್ಲಿ ಹತ್ತಿರದ್ದಕ್ಕೆ ಕಳಿಸುತ್ತದೆ. ಹತ್ತಿರ ಅಂದರೆ ಎತ್ತರವೂ ಸೇರಿ.
ಗೋಪುರದಿಂದ ಹೊರಟರೆ ಆಟ ನೋಡುವ ಜಾಗ -155, 112, 109. ಅಲ್ಲಿಂದ ನಿಮ್ಮ ಉಲ್ಟಾ ಗೋಪುರ 98 ಬ್ಲಾಕ್ ಕೆಳಗೆ. ತಮ್ಮನದು ಸುಮಾರು 43 ದೂರ. ಹಾಗಾಗಿ ತಮ್ಮನದಕ್ಕೆ ಹೋಗುತ್ತೀರಿ, ಅಲ್ಲಿಂದ ವಾಪಸ್ ಬಂದರೆ ಗವಿ.
ಉಲ್ಟಾ ಗೋಪುರಕ್ಕೆ ನಡೆದುಹೋಗಿ ಹೊಕ್ಕರೂ ಗತಿ ಅದೇ. 14ರ ಮಟ್ಟದಿಂದ ಗೋಪುರ 98 ದೂರ, ಗವಿ 58.

ಅಬ್ಸಿಡಿಯನ್ ಅಣ್ಣ:
ತಮ್ಮನ ಪೋರ್ಟಲ್‌ನಲ್ಲಿ ಅಳುವ ಕಲ್ಲು ಇರಬಹುದು.

ಮೊಬೈಲ್ ಮಂಜ:
😂😂 ಅಣ್ಣ ಕಲ್ಲು ಬಿಡಲ್ಲ.

ಕಲ್ಲುಕುಟಿಗ:
ಅಂದರೆ ಅಷ್ಟು ಅಗೆದದ್ದೆಲ್ಲ ದಂಡ? ಗವಿಯ ಪೋರ್ಟಲ್ ಒಡೆದುಹಾಕಿದರೆ ಸಾಲದಾ? ಅಮ್ಮನಿಗೆ ಹೇಳುತ್ತೇನೆ ಅಂತ ಈಗಲೇ ಕುಣಿಯುತ್ತಿದ್ದಾನೆ.

ಬೇಲೂರು ಹುಡುಗಿ:
ಒಡೆಯಬೇಡಿ, ಪಾಪ. ಉಲ್ಟಾ ಗೋಪುರದ ಪೋರ್ಟಲ್ ಅನ್ನು ವೈ 112ಕ್ಕೆ ಎತ್ತಿ. ನೆದರ್‌ನ ಸೂರು, ಒಡೆಯಲಾಗದ ಬೆಡ್‌ರಾಕ್ ಕಲ್ಲಿನದು, 123ರ ಹತ್ತಿರ ಶುರುವಾಗುತ್ತದೆ, 9 ಎತ್ತರದ ಚೌಕಟ್ಟು ಹಿಡಿಸುತ್ತದೆ. ತಮ್ಮನದು ಅವನ ಗವಿಗೇ ಹೋಗುತ್ತಿರುತ್ತದೆ.
ಇನ್ನೊಂದು. ತಲೆಕೆಳಗಾದ ಗೋಪುರ ಅಂತೀರಿ, ನೆಲದಡಿ ಯಾಕೆ ಹೂಳಿದಿರಿ? ಸೂರಿಗೆ ನೇತುಹಾಕಿ. ಬುಡ ಬೆಡ್‌ರಾಕ್‌ಗೆ, ಕಳಸ ಲಾವಾ ಕಡೆಗೆ.

ಗರುಡಗಂಬ:
ಇದು ಚೆನ್ನಾಗಿದೆ. ಜಗತಿ ಬಗ್ಗೆ ಮಾತ್ರ ನನ್ನ ಮಾತು ಬದಲಾಗಿಲ್ಲ.

ನೀಲಿಐಸ್ ನಾಗ:
ನನ್ನ ನೆದರ್ ದಾರಿ ಪೂರ್ತಿ ಬ್ಲೂ ಐಸ್. ದೋಣಿಯಲ್ಲಿ ಸೆಕೆಂಡಿಗೆ 72 ಬ್ಲಾಕ್. ಓವರ್‌ವರ್ಲ್ಡ್ (ಮೇಲಿನ ಲೋಕ) ಲೆಕ್ಕದಲ್ಲಿ ಅದರ ಎಂಟರಷ್ಟು. ಫೋಟೋ ಹಾಕಲಾ?

ಮೊಬೈಲ್ ಮಂಜ:
ಒಂದು ಬ್ಲೂ ಐಸ್‌ಗೆ 81 ಐಸ್ ಬೇಕು. ಎಲ್ಲ ಪುಕ್ಕಟೆ ಸಿಗುವ ಕ್ರಿಯೇಟಿವ್ ಮೋಡ್ ತಾನೇ?

ನೀಲಿಐಸ್ ನಾಗ:
ಸರ್ವೈವಲ್ ಗುರು. ಐಸ್ ಹಾಗೇ ಕೈಗೆ ಸಿಗುವಂತೆ ಒಡೆಯುವ ಸಿಲ್ಕ್ ಟಚ್ ಗುದ್ದಲಿ, ಮಂಜುಗಡ್ಡೆ ಬಯೋಮ್, ಎರಡು ತಿಂಗಳು.

ಕಲ್ಲುಕುಟಿಗ:
112ಕ್ಕೆ ಎತ್ತಿದೆ. ಗೋಪುರದಿಂದ ಹೋದೆ, ಉಲ್ಟಾ ಗೋಪುರದಲ್ಲಿ ಇಳಿದೆ, ಮತ್ತೆ ಗೋಪುರಕ್ಕೇ ಬಂದೆ! ಥ್ಯಾಂಕ್ಸ್ ಬೇಲೂರು ಮೇಡಂ. ಕಳಸ ಕಟ್ಟುವಾಗ ಗ್ಯಾಸ್ಟ್ ಅನ್ನುವ ಹಾರುವ ಭೂತ ಒಂದು ಬೆಂಕಿ ಉಗಿದು ಪೋರ್ಟಲ್ ಆರಿಸಿತು. ಮತ್ತೆ ಹೊತ್ತಿಸಲು ಬೇಕಾದ ಚಕಮಕಿ ಗೋಪುರದ ಪೆಟ್ಟಿಗೆಯಲ್ಲೇ ಬಿಟ್ಟು ಬಂದಿದ್ದೇನೆ. ಈಗ ತಮ್ಮನ ಪೋರ್ಟಲ್ ಕಡೆಗೆ ನಡೆಯುತ್ತಿದ್ದೇನೆ.

ಅಬ್ಸಿಡಿಯನ್ ಅಣ್ಣ:
ಮತ್ತೆ ಹೊತ್ತಿಸುವ ಮೊದಲು ಆ ಕಲ್ಲುಗಳನ್ನು ಒಮ್ಮೆ ನೋಡಿಬಿಡಿ.